ಕಡ ತಂದ ಅಂಗಿ

ಅಣ್ಣಿಗೇರಿ ಬಸ್‌ಸ್ಟ್ಯಾಂಡಿನ ಎದುರು ಕಟ್ಟಿದ್ದ ಫ್ಲೆಕ್ಸಿನಲ್ಲಿ ಶಬೀನಾ ಹಸಿರು ಅಂಗಿ ತೊಟ್ಟು ನಗುತ್ತಿದ್ದಳು. ಕೆಳಗೆ ‘ನಮ್ಮೂರ ಹೆಮ್ಮೆ, ಹಸಿರು ಜೆರ್ಸಿ ವಿಜೇತೆ’ ಎಂದು ಬರೆದಿತ್ತು. ಅದರಲ್ಲಿ ಎರಡು ತಪ್ಪುಗಳಿದ್ದವು. ಅವಳು ಇನ್ನೂ ಏನನ್ನೂ ಗೆದ್ದಿರಲಿಲ್ಲ. ಅಂಗಿಯೂ ಅವಳದಾಗಿರಲಿಲ್ಲ.

ಅದು ಹೆಣ್ಣುಮಕ್ಕಳ ನಾಲ್ಕು ದಿನದ ಸೈಕಲ್ ಓಟ. ಮೊದಲ ದಿನ ನವಲಗುಂದದಿಂದ ಮೊರಬದ ಕಡೆ ಹೋಗಿ ಮತ್ತೆ ನವಲಗುಂದಕ್ಕೆ. ಎರಡನೆಯ ದಿನ ಅಣ್ಣಿಗೇರಿಯಲ್ಲಿ ಹದಿನಾರು ಕಿಲೋಮೀಟರು, ಒಬ್ಬೊಬ್ಬರನ್ನೇ ಬಿಟ್ಟು ಟೈಮ್ ಹಿಡಿಯುವುದು. ಮೂರನೆಯ ದಿನ ಕಲಘಟಗಿಯಿಂದ ಕುಂದಗೋಳ. ನಾಲ್ಕನೆಯ ದಿನ ಕುಂದಗೋಳದಿಂದ ನವಲಗುಂದ. ಫ್ಲೆಕ್ಸು ಕಟ್ಟಿದ್ದು ಎರಡನೆಯ ದಿನ. ಆ ಮಧ್ಯಾಹ್ನ ಶಬೀನಾ ಓಟ ಮುಗಿಸಿ ಮನೆಗೆ ಬಂದಾಗ ಕಟ್ಟೆಯ ಮೇಲೆ ಅವಳ ತಾಯಿ ಗೌಸಬಿಯೂ ಬಾಜೂಮನೆಯ ಹನಮವ್ವನೂ ಕೂತಿದ್ದರು.

“ಹಸಿರು ಅಂದ್ರ ಎಷ್ಟನೇ ನಂಬರ್ ಬೇ?” ಹನಮವ್ವ ಕೇಳಿದಳು.

“ನಂಬರ್ ಅಲ್ಲ ಅತ್ತಿ. ದಿನಾ ಮೊದಲು ಬಂದಾಕಿಗೆ ಹದಿನೈದು ಪಾಯಿಂಟು, ಎರಡನೇದಾಕಿಗೆ ಹನ್ನೆರಡು, ಮೂರನೇದಾಕಿಗೆ ಹತ್ತು, ಹಿಂಗ ಕೊಡ್ತಾರ. ಪಾಯಿಂಟು ಯಾರವು ಜಾಸ್ತಿ ಅದಾವ, ಅವರಿಗೆ ಹಸಿರು. ಹಳದಿ ಬ್ಯಾರೆ. ಅದಕ್ಕ ಪಾಯಿಂಟ್ ಇಲ್ಲ, ಬರೇ ಟೈಮು. ಎಲ್ಲಾ ದಿನದ್ದೂ ಕೂಡಿಸಿ ಯಾರದು ಕಡಿಮಿ ಐತಿ, ಅವರಿಗೆ ಹಳದಿ. ಗುಡ್ಡ ಮೊದಲು ಏರಿದವರಿಗೆ ಚುಕ್ಕಿ ಅಂಗಿ, ಸಣ್ಣ ವಯಸ್ಸಿನಾಕಿಗೆ ಬಿಳಿ.”

“ಅಂದ್ರ ಪಾಯಿಂಟು ನಿನ್ನವು ಜಾಸ್ತಿ.”

“ಇಲ್ಲ. ದಾನೇಶ್ವರಿವು ಜಾಸ್ತಿ. ಆಕಿವು ಮೂವತ್ತು, ನನ್ನವು ಇಪ್ಪತ್ನಾಲ್ಕು.”

“ಮತ್ತ ಅಂಗಿ ನಿನ್ನ ಮೈಮ್ಯಾಲ ಹೆಂಗ ಬಂತು?”

“ಟೈಮಿನ್ಯಾಗೂ ಆಕಿನ ಮುಂದ. ಎರಡೂ ಆಕಿವ. ಎರಡೂ ಒಮ್ಮಿಗೆ ಹಾಕ್ಕೊಳ್ಳಾಕ ಬರಂಗಿಲ್ಲಲ್ಲ? ದೊಡ್ಡದು ಹಳದಿ, ಅದನ್ನ ಆಕಿ ಹಾಕ್ಕೊಂಡಾಳ. ಹಸಿರಿನ್ಯಾಗ ಎರಡನೇದಾಕಿ ನಾನು, ಅದಕ್ಕ ನನಗ ಕೊಟ್ಟಾರ.”

“ಕಡ ಕೊಟ್ಟಾರನು.”

“ಹೂಂ. ಕಡ.”

ಗೌಸಬಿ ನಡುವೆ ಬಾಯಿ ಹಾಕಿ, “ಇನ್ನೊಬ್ಬರ ಅಂಗಿ ಹಾಕ್ಕೊಂಡು ಫೋಟೋ ಯಾಕ ತಗಿಸ್ಕೊಂಡಿ? ಒಗದು ಇಸ್ತ್ರಿ ಮಾಡಿ ತಿರುಗಿ ಕೊಡು ಮತ್ತ,” ಎಂದಳು.

ಹನಮವ್ವನಿಗೆ ಇನ್ನೊಂದು ಅನುಮಾನ ಉಳಿದಿತ್ತು. “ನಿನ್ನಿ ಆಕಿ ಗಾಲಿಗೆ ಗಾಲಿ ಹಚ್ಚಿ ಬಂದೆಂತ ನಿಮ್ಮಪ್ಪ ಹೇಳಿದ. ಟೈಮ್ ಹೆಂಗ ಕಡಿಮಿ ಬಿತ್ತು?”

“ಗುಂಪಿನ್ಯಾಗ ಬಂದವರಿಗೆಲ್ಲಾ ಒಂದಽ ಟೈಮು. ಆದ್ರ ಮೊದಲು ಬಂದಾಕಿಗೆ ಹತ್ತು ಸೆಕೆಂಡು ಮಾಫಿ, ಎರಡನೇದಾಕಿಗೆ ಆರು. ಅಲ್ಲಿ ನಾಕು ಹೋತು. ಇವತ್ತಿಂದು ಖಾಲಿ ಗಾಡಾ ಓಡಸ್ತಾರಲ್ಲ, ಹಂಗ. ಒಂದೊಂದ ಎತ್ತಿನ ಜೋಡಿ ಬಿಟ್ಟು ಅಳೀತಾರಲ್ಲ? ಇದರಾಗ ಆಕಿ ನನಗಿಂತ ಏಳು ಸೆಕೆಂಡು ಜೋರ ಓಡಿಸಿದ್ಲು. ಒಟ್ಟ ಹನ್ನೊಂದು.”

“ಹನ್ನೊಂದು ಸೆಕೆಂಡ್ ಅಂದ್ರ ಎಷ್ಟು? ಒಂದು ರೊಟ್ಟಿ ಹೊಳ್ಳಿಸಿ ಹಾಕೂದ್ರಾಗ ಹೋಗತೈತಿ,” ಎಂದು ಹನಮವ್ವ ಎದ್ದುಹೋದಳು.

ಶಬೀನಾಳಿಗೆ ಆ ಹನ್ನೊಂದು ಸೆಕೆಂಡು ಬೇಕಾಗಿತ್ತು. ಅವಳೂ ದಾನೇಶ್ವರಿಯೂ ಕ್ರೀಡಾ ಹಾಸ್ಟೆಲ್ಲಿನಲ್ಲಿ ಒಂದೇ ಖೋಲಿಯವರು. ಮೂರು ವರ್ಷದಲ್ಲಿ ಎಂಟು ಓಟ ಓಡಿದ್ದರು. ಎಂಟರಲ್ಲೂ ದಾನೇಶ್ವರಿ ಮುಂದೆ, ಶಬೀನಾ ಹಿಂದೆ. ಜಗಳವೇನೂ ಇರಲಿಲ್ಲ. ಸಾಬೂನು, ಎಣ್ಣೆ, ಪಂಕ್ಚರ್ ಸೊಲ್ಯೂಷನ್ ಎಲ್ಲ ಇಬ್ಬರದೂ ಒಂದೇ. ಆದರೆ ಒಮ್ಮೆಯಾದರೂ ದಾನೇಶ್ವರಿಯ ಬೆನ್ನು ಕಾಣದೆ ಗೆರೆ ದಾಟಬೇಕು, ಹಳದಿ ಹಾಕಿಕೊಳ್ಳಬೇಕು ಎಂದು ಶಬೀನಾ ದಿನಾ ಅಂದುಕೊಳ್ಳುತ್ತಿದ್ದಳು.

ಮೂರನೆಯ ದಿನ ಬೆಳಿಗ್ಗೆ ಕಲಘಟಗಿಯಲ್ಲಿ ಮುಖ್ಯ ತೀರ್ಪುಗಾರ ಪ್ರಭು ಸರ್ ಎಲ್ಲರನ್ನೂ ನಿಲ್ಲಿಸಿ ನಿಯಮ ಓದಿದರು. ನಿವೃತ್ತ ಪಿ.ಟಿ. ಮಾಸ್ತರರು ಅವರು. ಓದುವಾಗ ಯಾರ ಮುಖವನ್ನೂ ನೋಡುತ್ತಿರಲಿಲ್ಲ.

“ಕುಂದಗೋಳಕ್ಕಿಂತ ಆರು ಕಿಲೋಮೀಟರ್ ಮೊದಲು ರೈಲ್ವೆ ಗೇಟ್ ಐತಿ. ಗೇಟ್ ಬೀಳೂದರೊಳಗ ದಾಟಿದವರ ನಸೀಬು ಅವರದು, ನಿಂತವರ ನಸೀಬು ನಿಂತವರದು. ನಿಂತ ಟೈಮು ಕಡಿತ ಮಾಡಂಗಿಲ್ಲ. ಬಿದ್ದ ಗೇಟಿನ ಕೆಳಗ ನುಸುಳಿದ್ರ ಓಟದಿಂದ ಹೊರಗ. ಮೂರೂ ದಿನದ್ದು ಹೋತು. ತಿಳೀತಿಲ್ಲೋ?”

“ಹೂಂ ರಿ ಸರ್,” ಎಂದರು ಎಲ್ಲರೂ. ದಾನೇಶ್ವರಿ ಬೂಟಿನ ಪಟ್ಟಿ ಬಿಗಿಯುತ್ತ ಎಲ್ಲರಿಗಿಂತ ಜೋರಾಗಿ ಹೇಳಿದಳು.

ಕಲಘಟಗಿಯ ಕಡೆಯ ಏರಿನಲ್ಲಿ ಚುಕ್ಕಿ ಅಂಗಿಯವಳು ಮುಂದೆ ಹೋಗಿ ತನ್ನ ಪಾಯಿಂಟು ತೆಗೆದುಕೊಂಡು ಮತ್ತೆ ಗುಂಪಿಗೆ ಬಂದಳು. ಏರು ಮುಗಿದು ಎರೆಹೊಲಗಳು ಶುರುವಾದವು. ಎರಡೂ ಕಡೆ ಕಡಲೆ, ಕುಸುಬೆ. ಗಾಳಿ ಅಡ್ಡ ಬೀಸುತ್ತಿತ್ತು. ಕುಂದಗೋಳ ಇನ್ನು ಹನ್ನೆರಡು ಕಿಲೋಮೀಟರು ಇರುವಾಗ ಶಬೀನಾ ರಸ್ತೆಯ ಅಂಚಿಗೆ ಹೋಗಿ ಜೋರು ತುಳಿದಳು. ಬೆನ್ನಿಗೆ ಒಬ್ಬಳೇ ಬಂದಳು. ತಿರುಗಿ ನೋಡುವ ಅಗತ್ಯವಿರಲಿಲ್ಲ, ಅದು ದಾನೇಶ್ವರಿ.

“ಬಿಡಂಗಿಲ್ಲನು?” ಶಬೀನಾ ಕೇಳಿದಳು.

“ನನ್ನ ಅಂಗಿ ನೀ ಹಾಕ್ಕೊಂಡಿ. ಹೆಂಗ ಬಿಡ್ಲಿ?” ದಾನೇಶ್ವರಿ ನಕ್ಕಳು.

ಇಬ್ಬರೂ ಗುಂಪಿಗಿಂತ ಇಪ್ಪತ್ತು ಸೆಕೆಂಡು ಮುಂದಾದರು. ಪೈಲಟ್ ಬೈಕು ಅವರ ಮುಂದೆ ದೂರದಲ್ಲಿತ್ತು. ಪ್ರಭು ಸರ್ ಜೀಪು ಗುಂಪಿನ ಹಿಂದೆ. ಗೇಟು ಕಂಡಾಗ ಪೈಲಟ್ ಬೈಕು ದಾಟಿಹೋಗಿತ್ತು, ಗೇಟಿನ ಪೈಪು ಕೆಳಗೆ ಇಳಿದು ನಿಂತಿತ್ತು.

ದಾನೇಶ್ವರಿ ಕುಬಿಹಾಳದವಳು. ಹಾಸ್ಟೆಲ್ಲಿಗೆ ಬರುವ ಮೊದಲು ಎರಡು ವರ್ಷ ಕುಂದಗೋಳದ ಕಾಲೇಜಿಗೆ ಹೋಗುವಾಗ ದಿನಕ್ಕೆ ಎರಡು ಸಲ ಈ ಗೇಟು ದಾಟಿದ್ದಳು. ಗೇಟು ಬಿದ್ದರೆ ಈ ಕಡೆಯವರು ಯಾರೂ ನಿಲ್ಲುವುದಿಲ್ಲ. ಸೈಕಲ್ಲು, ಬೈಕು, ಹಾಲಿನ ಕ್ಯಾನು, ಮೇವಿನ ಹೊರೆ ಎಲ್ಲವನ್ನೂ ಓರೆ ಮಾಡಿ ಕೆಳಗಿನಿಂದ ತೂರಿಸುತ್ತಾರೆ. ನಿಲ್ಲುವುದು ಬಸ್ಸು ಮತ್ತು ಟ್ರ್ಯಾಕ್ಟರು ಮಾತ್ರ, ಅವು ಬಗ್ಗುವುದಿಲ್ಲವಾದ್ದರಿಂದ.

ಅಂದು ಗೇಟಿನ ಹತ್ತಿರ ಕುಬಿಹಾಳದ ಇಪ್ಪತ್ತು ಮೂವತ್ತು ಜನ ಸೇರಿದ್ದರು. ಮುಂದೆ ದಾನೇಶ್ವರಿಯ ಕಾಕಾ ಸಿದ್ಧಾರೂಢ, ಮೊಬೈಲು ಎತ್ತಿ ಹಿಡಿದು.

“ಬಗ್ಗವಾ ದಾನವ್ವಾ, ಬಗ್ಗು! ರೈಲು ಇನ್ನೂ ದೂರ ಐತಿ!”

ದಾನೇಶ್ವರಿ ಬಗ್ಗಿದಳು. ಯೋಚನೆ ಮಾಡಿದಂತೆ ಕಾಣಲಿಲ್ಲ. ಒಂದು ಕಾಲು ನೆಲಕ್ಕೆ, ಸೈಕಲ್ಲು ಓರೆ, ತಲೆ ಕೆಳಗೆ. ಹಳಿ ದಾಟಿ ಆಚೆಯ ಪೈಪಿನ ಕೆಳಗೂ ಹಾಗೇ ನುಸುಳಿ ಹೊರಟೇಬಿಟ್ಟಳು. ಜನ ಕೇಕೆ ಹಾಕಿದರು.

ಶಬೀನಾಳೂ ಸೈಕಲ್ಲು ಓರೆ ಮಾಡಿದಳು. ಮುಂದಿನ ಗಾಲಿ ಪೈಪಿನ ಕೆಳಗೆ ಹೋಯಿತು. ಅವಳ ತಲೆಯೂ ಬಗ್ಗಿತ್ತು. ಆಗ ಹಿಂದಿನಿಂದ ಸೈಕಲ್ಲು ಅಲ್ಲಾಡದಂತಾಯಿತು. ಗೇಟು ಕಾಯುವ ಹೊಳೆಪ್ಪ ಒಂದು ಕೈಯಲ್ಲಿ ಸುತ್ತಿದ ಬಾವುಟ, ಇನ್ನೊಂದು ಕೈಯಲ್ಲಿ ಅವಳ ಸೀಟು ಹಿಡಿದು ನಿಂತಿದ್ದ.

“ಎಲ್ಲಿಗೆ ತಂಗೀ? ರೈಲು ಬರಾಕತ್ತೈತಿ.”

“ಬಿಡ್ರಿ ಕಾಕಾ! ಆಕಿ ಹೋದಳಲ್ರಿ!”

“ಹೋಗ್ಲಿ. ನೀ ನಿಂದ್ರು.”

ಅವಳು ಎಳೆದಳು. ಅವನ ಹಿಡಿತ ಗಟ್ಟಿಯಿತ್ತು. ಅಷ್ಟರಲ್ಲಿ ಗುಂಪು ಬಂದು ನಿಂತಿತು, ಹೊಳೆಪ್ಪ ಕೈ ಬಿಟ್ಟು ಬಾವುಟ ಬಿಚ್ಚಿದ. ಗೂಡ್ಸ್ ಗಾಡಿ ಬಂತು. ಶಬೀನಾ ಡಬ್ಬಿ ಎಣಿಸಿದಳು. ಐವತ್ತೆಂಟು. ಗೇಟು ಎದ್ದ ಮೇಲೆ ಸಿಟ್ಟಿನಲ್ಲಿ ತುಳಿದು, ಕುಂದಗೋಳದಲ್ಲಿ ಗುಂಪಿಗೆ ಮೊದಲಿಗಳಾಗಿ ಗೆರೆ ದಾಟಿದಳು. ದಾನೇಶ್ವರಿ ಬಂದು ಎರಡು ನಿಮಿಷ ಐವತ್ತು ಸೆಕೆಂಡು ಆಗಿತ್ತು.

ಶಾಲೆಯ ಮೈದಾನದಲ್ಲಿ ಪ್ರಭು ಸರ್ ಮೇಜಿನ ಮುಂದೆ ಕೂತು ಹಾಳೆ ತುಂಬುತ್ತಿದ್ದರು. ಶಬೀನಾ ಹೋಗಿ ನಿಂತಳು.

“ಸರ್, ಗೇಟ್ ಬಿದ್ದಿತ್ರಿ.”

“ಗೊತ್ತೈತಿ. ನಾನೂ ಹಿಂದ ನಿಂತಿದ್ದೆ. ಬೀಳೂದರೊಳಗ ಆಕಿ ದಾಟ್ಯಾಳ, ನೀವು ಸಿಕ್ಕೀರಿ. ನಸೀಬು. ಮತ್ತೇನರ ಹೇಳೂದೈತೇನು?”

ಹೇಳುವುದಿತ್ತು. ಒಂದೇ ಮಾತು ಸಾಕಿತ್ತು, ಹಳದಿ ಇತ್ತ ಬರುತ್ತಿತ್ತು. ಆದರೆ ಹೇಳಹೊರಟಾಗ ಅವಳಿಗೆ ಕಂಡದ್ದು ದಾನೇಶ್ವರಿಯ ತಲೆಯಲ್ಲ, ಪೈಪಿನ ಕೆಳಗೆ ಹೋಗಿದ್ದ ತನ್ನದೇ ಗಾಲಿ. “ಏನಿಲ್ರಿ,” ಎಂದಳು.

ಅವಳು ಮೂರು ಹೆಜ್ಜೆ ಹೋಗಿರಲಿಲ್ಲ, ಸಿದ್ಧಾರೂಢ ಬೈಕಿನಿಂದ ಇಳಿದು, ವಿಡಿಯೋ ಹಚ್ಚಿದ ಮೊಬೈಲು ಚಾಚಿಕೊಂಡು ಓಡಿಬಂದ. “ಸರ್, ಸರ್, ನಮ್ಮ ಹುಡುಗಿ ಚಾಲಾಕಿ ನೋಡ್ರಿ ಒಮ್ಮೆ! ಸೈಕಲ್ ಹೆಂಗ ಓರೆ ಮಾಡಿದ್ಲು ನೋಡ್ರಿ. ನಾಕು ಸೆಕೆಂಡ್ ಹತ್ತಲಿಲ್ಲ. ಬ್ಯಾರೆ ಊರಿನವು ಹಂಗಽ ನಿಂತುವು!”

ಪ್ರಭು ಸರ್ ಕನ್ನಡಕ ಏರಿಸಿ ನೋಡಿದರು. ಇನ್ನೊಮ್ಮೆ ನೋಡಿದರು.

“ನನಗ ಕಳಸ್ರಿ ಇದನ್ನ.”

“ಅದಕ್ಕೇನ್ರಿ ಸರ್! ನಮ್ಮ ಊರ ಗ್ರೂಪಿಗೆ ಆಗಲೇ ಹಾಕೇನಿ.” ಸಿದ್ಧಾರೂಢ ಖುಷಿಯಿಂದ ಕಳಿಸಿದ.

ದಾನೇಶ್ವರಿಯನ್ನು ಕರೆಸಿದರು. ಅವಳು ಹಳದಿ ಅಂಗಿಯ ತೋಳಿನಿಂದ ಮುಖ ಒರೆಸಿಕೊಳ್ಳುತ್ತ ಬಂದಳು.

“ಗೇಟ್ ಬಿದ್ದ ಮ್ಯಾಲೆ ಬಗ್ಗಿದೇನು?”

ಅವಳು ಮೊಬೈಲು ನೋಡಿದಳು, ಕಾಕಾನನ್ನು ನೋಡಿದಳು. “ಹೌದ್ರಿ. ಬಗ್ಗಿದೆ.”

“ಬೆಳಿಗ್ಗಿ ಓದಿ ಹೇಳಿದ್ದೆ.”

“ಹೇಳಿದ್ರಿ. ಆವಾಗ ನೆನಪಽ ಬರಲಿಲ್ರಿ ಸರ್. ಗೇಟ್ ಕಂಡ್ರ ಬಗ್ಗೂದು. ಅಷ್ಟ.”

ಸಿದ್ಧಾರೂಢನಿಗೆ ಈಗ ವಿಷಯ ಹೊಳೆಯಿತು. “ಇಡೀ ತಾಲೂಕ ಬಗ್ಗತೈತಲ್ರಿ ಸರ್! ಪೊಲೀಸರು ಬಗ್ಗತಾರ! ನೀವು ಬಗ್ಗಿಲ್ಲೇನ್ರಿ ಎಂದೂ?”

“ಬಗ್ಗೇನಿ,” ಎಂದರು ಪ್ರಭು ಸರ್. “ಆದ್ರ ನಾ ಹಳದಿ ಹಾಕ್ಕೊಂಡಿರಲಿಲ್ಲ.” ಹಾಳೆಯ ಮೇಲೆ ಸ್ಕೇಲು ಇಟ್ಟು ದಾನೇಶ್ವರಿಯ ಹೆಸರಿನ ಮೇಲೆ ನೇರ ಗೆರೆ ಎಳೆದರು.

ಸಂಜೆ ಮೈಕಿನಲ್ಲಿ ಯಾರೋ ಶಬೀನಾಳನ್ನು ಹೊಗಳಿದರು. ಎದುರಾಳಿ ನುಸುಳಿದರೂ ಗೇಟಿನ ಮುಂದೆ ಶಿಸ್ತಿನಿಂದ ನಿಂತ ಹುಡುಗಿ ಎಂದು. ಸಿದ್ಧಾರೂಢನ ವಿಡಿಯೋ ದಾನೇಶ್ವರಿಯ ಬೆನ್ನು ಹಿಡಿದುಕೊಂಡು ಹೋಗಿತ್ತು. ಹೊಳೆಪ್ಪನ ಕೈ ಅದರಲ್ಲಿ ಇರಲಿಲ್ಲ. ಚಪ್ಪಾಳೆ ಮುಗಿದ ಮೇಲೆ ಶಬೀನಾ ಮತ್ತೆ ಮೇಜಿನ ಹತ್ತಿರ ಹೋದಳು.

“ಸರ್, ನಾನೂ ಬಗ್ಗಿದ್ದೆ. ಗೇಟಿನ ಕಾಕಾ ಸೀಟ್ ಹಿಡದ, ಅದಕ್ಕ ನಿಂತೆ.”

ಪ್ರಭು ಸರ್ ತಲೆ ಎತ್ತಲಿಲ್ಲ. “ದಾಟಿದೇನು?”

“ಇಲ್ರಿ.”

“ದಾಟಿದ್ದು ನನ್ನ ಲೆಕ್ಕ. ದಾಟಬೇಕಂತ ಮಾಡಿದ್ದು ಬರಕೊಳ್ಳಾಕ ಈ ಹಾಳ್ಯಾಗ ಜಾಗಾ ಇಲ್ಲ. ಹೋಗಿ ಉಣ್ಣು.”

ಮರುದಿನ ಬೆಳಿಗ್ಗೆ ಕುಂದಗೋಳದಲ್ಲಿ ಶಬೀನಾಳಿಗೆ ಹಳದಿ ಅಂಗಿ ಕೊಟ್ಟರು. ಹೊಸದಲ್ಲ, ದಾನೇಶ್ವರಿ ತೊಟ್ಟಿದ್ದೇ. ಒಗೆದಿದ್ದರು, ಕಂಕುಳಲ್ಲಿ ಇನ್ನೂ ಹಸಿ ಇತ್ತು. ಬೆನ್ನಿನ ಮೇಲೆ ದಾನೇಶ್ವರಿಯ ನಂಬರು ಚುಚ್ಚಿದ್ದ ಪಿನ್ನಿನ ತೂತುಗಳಿದ್ದವು. ಹಸಿರಿನ ಲೆಕ್ಕದಲ್ಲೂ ಈಗ ಶಬೀನಾಳೇ ಮುಂದಿದ್ದಳು, ಹಾಗಾಗಿ ಆ ಅಂಗಿ ಎರಡನೆಯವಳಾದ ಕಲಘಟಗಿಯ ಅಮೃತಾಳಿಗೆ ಹೋಯಿತು.

“ಇದು ನನ್ನದಾತೇನು?” ಅಮೃತಾ ಕೇಳಿದಳು.

“ಇಲ್ಲ. ನನ್ನದು. ಇವತ್ತೊಂದಿನ ಕಡ,” ಎಂದಳು ಶಬೀನಾ.

ದಾನೇಶ್ವರಿ ಚಪ್ಪಲಿ ಹಾಕಿಕೊಂಡು, ಹೆಗಲಿಗೆ ಬ್ಯಾಗು ಏರಿಸಿ ಬಂದಿದ್ದಳು. ಶಬೀನಾಳ ನಂಬರಿಗೆ ಪಿನ್ನು ಚುಚ್ಚಿಕೊಟ್ಟಳು, ಹಳೆಯ ತೂತುಗಳಲ್ಲೇ.

“ಒಂದು ಮಾತು ಹೇಳೂದಿತ್ತು,” ಎಂದಳು ಶಬೀನಾ.

“ಗೊತ್ತೈತಿ. ಹೊಳೆಪ್ಪಕಾಕಾ ನಿನ್ನಿ ಸಂಜಿಮುಂದ ಮನಿಗೆ ಬಂದಿದ್ದ. ನಿನ್ನ ಸೀಟ್ ಹಿಡದದ್ದು ಹೇಳಿದ.”

“ನಿನ್ನ ಸೀಟ್ ಯಾಕ ಹಿಡೀಲಿಲ್ಲಂತ?”

“ನಾನೂ ಅದನ್ನ ಕೇಳಿದೆ. ಎರಡು ವರ್ಷ ಬೈದು ಬೈದು ಸಾಕಾಗಿ ನಿನ್ನ ಕೈ ಬಿಟ್ಟಿದ್ದೆ, ಆ ಹುಡುಗಿ ಪರಊರಾಕಿ, ಹೇಳಿದ್ರ ಕೇಳತಾಳಂತ ಹಿಡದೆ ಅಂದ.” ದಾನೇಶ್ವರಿ ಕೊನೆಯ ಪಿನ್ನು ಹಾಕಿ ಬೆನ್ನು ತಟ್ಟಿದಳು. ತಟ್ಟಿದ್ದು ಸ್ವಲ್ಪ ಜೋರೇ ಇತ್ತು. “ಇವತ್ತೂ ಒಂದು ಗೇಟ್ ಐತಿ ಬೇ, ಅಣ್ಣಿಗೇರಿ ಕಡೆ. ಅಲ್ಲಿ ಹೊಳೆಪ್ಪಕಾಕಾ ಇರೂದಿಲ್ಲ.”

ಓಟ ನಿಧಾನವಾಗಿ ನಡೆಯಿತು. ಒಟ್ಟು ಟೈಮಿನಲ್ಲಿ ಅಮೃತಾ ಮೂವತ್ತೊಂದು ಸೆಕೆಂಡು ಹಿಂದಿದ್ದಳು, ಶಬೀನಾ ಅವಳನ್ನು ಬಿಟ್ಟು ಕದಲಲಿಲ್ಲ. ಅಣ್ಣಿಗೇರಿ ಕಡೆಯ ಗೇಟು ಕಂಡಾಗ ಪೈಪು ನೆಟ್ಟಗೆ ಮೇಲಿತ್ತು. ರೈಲಿನ ಸುಳಿವಿರಲಿಲ್ಲ. ಗುಂಪು ಅದೇ ವೇಗದಲ್ಲಿ ಹೋಯಿತು. ಶಬೀನಾ ಬ್ರೇಕು ಹಿಡಿದಳು. ಹಿಂದಿನವರು ಬೈಯುತ್ತ ಬಾಜೂಕಿನಿಂದ ದಾಟಿದರು.

“ಹುಚ್ಚು ಹಿಡದೈತೇನು? ಗೇಟ್ ತಗದೈತಿ!” ಅಮೃತಾ ತಿರುಗಿ ಕೂಗಿದಳು.

“ಗೊತ್ತೈತಿ,” ಎಂದಳು ಶಬೀನಾ. ಅತ್ತ ಇತ್ತ ಹಳಿ ನೋಡಿ ದಾಟಿದಳು. ಗುಂಪು ಐವತ್ತು ಮಾರು ಮುಂದೆ ಹೋಗಿತ್ತು. ಸೀಟಿನಿಂದ ಎದ್ದು ನಿಂತು ತುಳಿದು ಎರಡು ಕಿಲೋಮೀಟರಿನಲ್ಲಿ ಹಿಡಿದಳು. ಆ ದಣಿವು ಹೋಗಲಿಲ್ಲ. ನವಲಗುಂದದಲ್ಲಿ ಗುಂಪಿನ ಬಾಲಕ್ಕೆ, ಇಪ್ಪತ್ತೆರಡನೆಯವಳಾಗಿ ಗೆರೆ ದಾಟಿದಳು. ಆ ದಿನ ಮೊದಲು ಬಂದವಳು ಅಮೃತಾ, ಹಸಿರು ಅವಳಿಗೇ ಉಳಿಯಿತು.

ಗುಂಪಿನಲ್ಲಿ ಬಂದವರಿಗೆಲ್ಲ ಒಂದೇ ಟೈಮು. ಅಮೃತಾಳಿಗೆ ಹತ್ತು ಸೆಕೆಂಡು ಮಾಫಿ ಸಿಕ್ಕರೂ ಇಪ್ಪತ್ತೊಂದು ಉಳಿದವು. ಹಳದಿ ಶಬೀನಾಳದಾಯಿತು.

ಮನೆಯಲ್ಲಿ ಗೌಸಬಿ ಅಂಗಿಯನ್ನು ತಿರುವಿ ಬೆನ್ನಿನ ತೂತುಗಳನ್ನು ಬೆರಳಿನಿಂದ ಮುಟ್ಟಿ ನೋಡಿದಳು. “ಇದನ್ನ ಎಂದು ತಿರುಗಿ ಕೊಡೂದು?”

“ಇದನ್ನ ಕೊಡೂದಿಲ್ಲ,” ಎಂದಳು ಶಬೀನಾ.

ಗೌಸಬಿ ಸೂಜಿ ದಾರ ಹುಡುಕಲು ಒಳಗೆ ಹೋದಳು.