ಗೋಸುಂಬೆಯ ಎಡಗೆನ್ನೆ

ನಾಟಕ ಕಂಪನಿಯಲ್ಲಿ ಅವನಿಗೆ ಗೋಸುಂಬೆ ಎಂದು ಹೆಸರಿಟ್ಟವರು ಹೊಟ್ಟೆಕಿಚ್ಚಿಗೆ ಇಟ್ಟಿದ್ದರು; ಅವನು ಅದನ್ನು ಬಿರುದಿನಂತೆ ಹೊತ್ತು ತಿರುಗಿದ. ರಾಜನ ಪಾರ್ಟಿನವನು ಕುಡಿದು ಮಲಗಿದರೆ ಇವನೇ ರಾಜ, ರಾಣಿ ಮುನಿಸಿಕೊಂಡು ಹೋದರೆ ಇವನೇ ರಾಣಿ. ಸಿನಿಮಾಕ್ಕೆ ಬಂದ ಮೇಲೂ ಅಷ್ಟೇ: ಕಳ್ಳ, ಜಡ್ಜು, ಕುರುಡ, ಕಂಡಕಂಡವರ ಮಾವ. ಬೀದಿಯಲ್ಲಿ ಯಾರೂ ಅವನ ಗುರುತು ಹಿಡಿಯುತ್ತಿರಲಿಲ್ಲ. ಅವನಿಗೆ ಅದೇ ಹೆಮ್ಮೆ.

ಹೋದ ವರ್ಷ ಲಕ್ವ ಹೊಡೆಯಿತು. ಮಾತು ಮರಳಿತು, ಕೈಕಾಲು ಮರಳಿದವು, ಎಡಗೆನ್ನೆ ಮಾತ್ರ ಮರಳಲಿಲ್ಲ. ಆ ಕಡೆಯ ತುಟಿ ಜೋತುಬಿದ್ದೇ ಇತ್ತು. ಗಂಡ ಹೆಂಡತಿ ಇಬ್ಬರೂ ಬಾಯಿಬಿಡಲಿಲ್ಲ. ಈ ಕಸುಬಿನಲ್ಲಿ ‘ಹುಷಾರಿಲ್ಲವಂತೆ’ ಎಂಬ ಮಾತು ಹಬ್ಬಿತೋ, ಉಸಿರಾಡುತ್ತಿರುವಾಗಲೇ ಶ್ರದ್ಧಾಂಜಲಿ ಬರೆದುಬಿಡುತ್ತಾರೆ.

ಅಂಥದ್ದರಲ್ಲಿ ಒಂದು ಪಾತ್ರ ಮನೆಬಾಗಿಲಿಗೆ ಬಂತು: ಲಕ್ವ ಹೊಡೆದ ಮೇಷ್ಟ್ರು. ರೋಗಿ ಬಯಸಿದ್ದೂ ಹಾಲು ಅನ್ನ, ವೈದ್ಯ ಹೇಳಿದ್ದೂ ಹಾಲು ಅನ್ನ. ಚಿಕ್ಕ ವಯಸ್ಸಿನ ನಿರ್ದೇಶಕಿ ಕತೆ ಹೇಳುವಷ್ಟು ಹೊತ್ತೂ ಅವನು ಎಡಗೆನ್ನೆಯನ್ನು ಅಂಗೈಗೆ ಒರಗಿಸಿ, ಗಹನವಾಗಿ ಯೋಚಿಸುವವನಂತೆ ಕೂತಿದ್ದ. ಅವಳು ಮಾರುಹೋದಳು.

“ಹೇಳಿಬಿಡೋಣ ಕಣ್ರೀ, ಹೇಗೂ ಪಾತ್ರಾನೇ ಹಾಗಿದೆ,” ಎಂದಳು ಹೆಂಡತಿ, ನಿರ್ದೇಶಕಿ ಹೋದ ಮೇಲೆ.

“ಹೇಳಿದ್ರೆ ರೋಗಿ ಅಂತಾರೆ. ಹೇಳದಿದ್ರೆ ನಟ ಅಂತಾರೆ.”

“ಮೊದಲಲ್ಲಿ ಮೇಷ್ಟ್ರು ಚೆನ್ನಾಗಿರೋ ಸೀನ್‌ಗಳಿಗೇನು ಮಾಡ್ತೀರಿ?”

“ಬಲಗೆನ್ನೆ ಇದೆಯಲ್ಲ,” ಎಂದ.

ಶೂಟಿಂಗಿನ ದಿನ ಸೊಟ್ಟ ತುಟಿಯಲ್ಲೇ ಹೋದ. “ನಾನು ಮನೆಯಿಂದಾನೇ ಪಾತ್ರದಲ್ಲಿ ಬರ್ತೀನಿ, ಹಳೇ ಅಭ್ಯಾಸ,” ಎಂದ. ಎಲ್ಲರೂ ಬೆರಗಾದರು. ಮೇಕಪ್ಪಿನವನು, “ನಂಗೆ ಕೆಲಸಾನೇ ಉಳಿಸಿಲ್ಲವಲ್ಲ ನೀವು,” ಎಂದು ಕೈಕಟ್ಟಿ ನಿಂತ. ಒಂದು ವರ್ಷದಿಂದ ಕುಗ್ಗಿದ್ದ ಬೆನ್ನು ಅವತ್ತು ನೆಟ್ಟಗಾಯಿತು.

ಮಗಳ ಪಾತ್ರದವಳು ಚಮಚದಲ್ಲಿ ನೀರು ಕುಡಿಸಬೇಕು. ಕುಡಿಸಿದಳು. ನೀರು ಎಡ ತುಟಿಯಿಂದ ಗದ್ದಕ್ಕೆ ಇಳಿಯಿತು.

ನಿರ್ದೇಶಕಿ ಮಾನಿಟರಿನಿಂದ ತಲೆ ಎತ್ತಿದಳು. “ಚೆನ್ನಾಗಿದೆ ಸರ್. ಸ್ವಲ್ಪ ಜಾಸ್ತಿ ಆಯ್ತು, ಅಷ್ಟೇ. ತುಟಿ ಅಷ್ಟೊಂದು ಸೊಟ್ಟ ಬೇಡ.”

ಅವನಿಗೆ ಮೊದಲು ಒಳಗೊಳಗೇ ಖುಷಿಯಾಯಿತು. ಅಭಿನಯವೆಂದೇ ನಂಬಿದ್ದಾಳೆ. ಆಮೇಲೆ ತಗ್ಗಿಸಲು ಹೊರಟ. ಸತ್ತ ಕಡೆ ತಗ್ಗುವುದೆಲ್ಲಿಂದ ಬಂತು? ತಗ್ಗಿದ್ದು ಬದುಕಿದ್ದ ಬಲಗಡೆ. ಅದು ಸುಮ್ಮನಾದಷ್ಟೂ ಎಡಗಡೆಯ ಸೊಟ್ಟ ಎದ್ದು ಕಂಡಿತು.

“ಇನ್ನೂ ಜಾಸ್ತಿಯಾಯ್ತು ಸರ್.”

ಮತ್ತೆ ಮಾಡಿದ, ಮತ್ತೆ ಮಾಡಿದ. ಲೈಟಿನ ಹಿಂದಿನಿಂದ ಯಾರೋ ಪಿಸುಗುಟ್ಟಿದರು: “ಹಳೇ ಸ್ಟೇಜಿನವರು. ಕಡೇ ಬೆಂಚಿಗೂ ಕಾಣ್ಲಿ ಅಂತ ಮಾಡ್ತಾರೆ.”

ಜೊತೆಗೆ ಬಂದು ಮೂಲೆಯಲ್ಲಿ ಕೂತಿದ್ದ ಹೆಂಡತಿ ಎದ್ದಳು. ಕೂತ್ಕೋ ಎಂದು ಕಣ್ಣಲ್ಲೇ ಗದರಿಸಿದ. ರೋಗಿ ಎನ್ನಿಸಿಕೊಳ್ಳಬಾರದೆಂದೇ ಇಷ್ಟೆಲ್ಲ ಮಾಡಿದ್ದ. ಆದರೆ ನಟನೆ ಬರುವುದಿಲ್ಲ ಎನ್ನಿಸಿಕೊಂಡು ಆ ಕುರ್ಚಿಯಿಂದ ಏಳುವುದು ಅವನಿಂದಾಗಲಿಲ್ಲ.

“ಅಮ್ಮಾ, ಇದು ಆ್ಯಕ್ಟಿಂಗ್ ಅಲ್ಲ. ನನ್ನ ಮುಖಾನೇ ಹೀಗೆ,” ಎಂದ ನಿರ್ದೇಶಕಿಗೆ.

ಯಾರೂ ಬೈಯಲಿಲ್ಲ. ಮೆತ್ತನೆಯ ಕುರ್ಚಿ ತಂದರು, ಫ್ಯಾನು ತಿರುಗಿಸಿದರು, ತಗ್ಗಿದ ದನಿಯಲ್ಲಿ ಮಾತಾಡಿಸಿದರು. ಆ ಉಪಚಾರ ಕಂಡೇ ತನ್ನ ಕತೆ ಮುಗಿಯಿತೆಂದು ಅವನಿಗೆ ಗೊತ್ತಾಯಿತು.

ಮರುವಾರ ನಿರ್ದೇಶಕಿ ಫೋನು ಮಾಡಿದಳು. ಪಾತ್ರಕ್ಕೆ ಬೇರೆಯವರು ಬಂದಿದ್ದರು. “ಅವರ ಎದುರಿಗೆ ಒಂದರ್ಧ ಗಂಟೆ ಕೂತಿರ್ತೀರಾ ಸರ್? ನೋಡಿ ಕಲೀತಾರೆ.”

ಹೆಂಡತಿ ಬೇಡವೆಂದಳು. ಅವನು ಹೋದ. ಜೀವಮಾನವಿಡೀ ಕಂಡವರ ಮುಖ ಕದ್ದವನು, ತನ್ನ ಮುಖ ಕೇಳಿದಾಗ ಯಾವ ಬಾಯಲ್ಲಿ ಇಲ್ಲವೆನ್ನುವುದು? ಹೊಸಬ ಅವನನ್ನೇ ದಿಟ್ಟಿಸಿ ನೋಡಿದ, ಹೋಗಿ ಕ್ಯಾಮೆರಾದ ಎದುರು ಕೂತ. ತುಟಿಯನ್ನು ಒಂದಿಷ್ಟೇ ಇಳಿಬಿಟ್ಟ. ಮೊದಲ ಟೇಕೇ ಓಕೆಯಾಯಿತು. ಅವತ್ತು ಪಿಸುಗುಟ್ಟಿದ್ದ ಲೈಟಿನವನು ಕಣ್ಣೊರೆಸಿಕೊಂಡ.

ಮನೆಯಲ್ಲಿ ಹೆಂಡತಿ ಬಾಗಿಲಲ್ಲೇ ಕಾಯುತ್ತಿದ್ದಳು. “ಹೇಗ್ ಮಾಡ್ದ?”

ಹಾಳು ಮಾಡಿದ ಎನ್ನಬೇಕೆಂದು ದಾರಿಯುದ್ದಕ್ಕೂ ಅಂದುಕೊಂಡೇ ಬಂದಿದ್ದ. ಆದರೆ ಇನ್ನೊಬ್ಬರ ನಟನೆಯ ವಿಷಯದಲ್ಲಿ ಅವನಿಗೆ ಸುಳ್ಳು ಹೇಳಿ ಅಭ್ಯಾಸವಿರಲಿಲ್ಲ.

“ಥೇಟ್ ನನ್ ಹಾಗೇ ಇದ್ದ,” ಎಂದ. “ಆದ್ರೆ ಅವನನ್ನ ನೋಡಿದ್ರೆ ನಂಬಿಕೆ ಬರ್ತಿತ್ತು.”