ಮೂರು ಗಂಟೆಯ ಸೌತೆಕಾಯಿ

ಸೌತೆಬಳ್ಳಿಗೆ ನೊಣ ಬಿದ್ದರೆ ಬೆಳೆದವರ ಕಷ್ಟ ಕೇಳುವುದೇ ಬೇಡ. ಹೊರಗಿನಿಂದ ನೋಡಿದರೆ ಕಾಯಿ ಹಸಿರಾಗಿ, ನುಣುಪಾಗಿ ಇರುತ್ತದೆ. ಕೊಯ್ದರೆ ಒಳಗೆಲ್ಲ ಹುಳ. ಅಂಥ ಕಾಯಿಯನ್ನು ಯಾರೂ ಕೊಳ್ಳುವುದಿಲ್ಲ. ಆಗ ಬೆಳೆಗಾರ ಔಷಧಿ ಹೊಡೆಯುತ್ತಾನೆ. ಅಲ್ಲಿಗೇ ಕೆಲಸ ಮುಗಿಯಿತು ಎಂದುಕೊಳ್ಳುತ್ತಾನೆ. ಹಾಗೆ ಅಂದುಕೊಂಡ ಒಂದು ಮನೆಯವರ ಹೋಟೆಲಿನ ಕಥೆ ಇದು.

ಹೋಟೆಲನ್ನು ಶುರು ಮಾಡಿದ ಹೆಂಗಸನ್ನು ಊರೆಲ್ಲ ದೊಡ್ಡಮ್ಮ ಎನ್ನುತ್ತದೆ. ಮೊದಲು ಅವರು ಗಿರಣಿಯ ಕ್ಯಾಂಟೀನಿನಲ್ಲಿ ಅಡುಗೆಗೆ ಇದ್ದರು. ಅಲ್ಲಿಗೆ ತರಕಾರಿ ದೂರದ ಮಂಡಿಯಿಂದ ಚೀಲದಲ್ಲಿ ಬರುತ್ತಿತ್ತು. ಬಿಚ್ಚಿ ಸುರಿದರೆ ಅರ್ಧ ಬಾಡಿದ್ದು, ಕಾಲುಭಾಗ ಕೊಳೆತದ್ದು. "ಖಾರ ಜಾಸ್ತಿ ಹಾಕಿ, ಯಾರಿಗೂ ಗೊತ್ತಾಗಲ್ಲ" ಎಂದು ಮೇಲ್ವಿಚಾರಕ ಹೇಳುತ್ತಿದ್ದ. ದೊಡ್ಡಮ್ಮ ಇಪ್ಪತ್ತೆರಡು ವರ್ಷ ಖಾರ ಜಾಸ್ತಿ ಹಾಕಿದರು. ಗಿರಣಿ ಮುಚ್ಚಿದ ವರ್ಷ ಮನೆಯ ಮುಂದಿನ ಕೋಣೆಯಲ್ಲಿ ನಾಲ್ಕು ಮೇಜು ಹಾಕಿಸಿ ಸ್ವಂತ ಹೋಟೆಲು ಇಟ್ಟರು. ಮಗನ ಹೊಲ ಎರಡೇ ಮೈಲಿ. ಅವನು ಬೆಳಿಗ್ಗೆ ಕಿತ್ತು ತಂದದ್ದನ್ನು ದೊಡ್ಡಮ್ಮ ತಮ್ಮ ಅಜ್ಜಿ ಮಾಡುತ್ತಿದ್ದ ಹಾಗೆಯೇ ಮಾಡಿ ಮಧ್ಯಾಹ್ನಕ್ಕೆ ಬಡಿಸುತ್ತಿದ್ದರು.

ಹಿತ್ತಲ ಗಿಡ ಮದ್ದಲ್ಲ ಎನ್ನುವುದು ಸುಳ್ಳಲ್ಲ. "ನಮ್ಮ ಸೀಮೆ ಅಡುಗೇನ ದುಡ್ಡು ಕೊಟ್ಟು ಯಾರು ತಿಂತಾರೆ ದೊಡ್ಡಮ್ಮ? ಹೊರಗಿನದು ಏನಾದ್ರೂ ಮಾಡಿ" ಎಂದು ನೆಂಟರೇ ನಕ್ಕರು. ಆದರೆ ಅಷ್ಟು ಹೊತ್ತಿಗೆ ಊರಿನ ಮನೆಗಳಲ್ಲಿ ಆ ಅಡುಗೆ ನಿಂತೇ ಹೋಗಿತ್ತು. ಮಾಡಲು ಬರುತ್ತಿದ್ದವರಿಗೆ ಕೈಲಾಗುತ್ತಿರಲಿಲ್ಲ, ಕೈಲಾಗುವವರಿಗೆ ಮಾಡಲು ಬರುತ್ತಿರಲಿಲ್ಲ. ಒಬ್ಬೊಬ್ಬರಾಗಿ ಬಂದರು. ಹತ್ತು ವರ್ಷದಲ್ಲಿ ನಾಲ್ಕು ಮೇಜು ಹದಿನಾಲ್ಕಾದವು. ದೊಡ್ಡಮ್ಮನ ಮಗಳು ಒಲೆಯ ಉಸ್ತುವಾರಿ ವಹಿಸಿಕೊಂಡಳು. ಬಾಗಿಲ ಮೇಲೆ ಬೋರ್ಡು ಬರೆಸಿದವಳು ಅವಳೇ: "ಹೊಲದಿಂದ ತಟ್ಟೆಗೆ ಮೂರೇ ಗಂಟೆ."

ಆ ಹೋಟೆಲಿಗೆ ಮೊದಲ ದಿನದಿಂದಲೂ ಒಂದು ಪದ್ಧತಿ ಇದೆ. ಹನ್ನೆರಡು ಗಂಟೆಗೆ ಬಾಗಿಲು ತೆಗೆಯುವ ಮುಂಚೆ ಮೊದಲ ತಟ್ಟೆ ಬೆಳೆದವನಿಗೆ. ಮಗ ಕಿಟಕಿ ಪಕ್ಕದ ಮೇಜಿನಲ್ಲಿ ಕೂತು ಆ ದಿನದ ಅಡುಗೆಯನ್ನೆಲ್ಲ ಒಂದೊಂದು ಹಿಡಿ ಉಣ್ಣಬೇಕು. ಅವನು ಕೈ ತೊಳೆದ ಮೇಲೆಯೇ ಬಾಗಿಲು. ಇದನ್ನು ಯಾವತ್ತೂ ತಪ್ಪಿಸಿರಲಿಲ್ಲ.

ಒಂದು ಸೋಮವಾರ ಹನ್ನೆರಡಕ್ಕೆ ಕಾಲು ಗಂಟೆ ಇತ್ತು. ಗಾಜಿನ ಬಾಗಿಲಾಚೆ ಹತ್ತು ಹನ್ನೆರಡು ಜನ ಕಾಯುತ್ತಿದ್ದರು. ಎಲ್ಲರಿಗಿಂತ ಮುಂದೆ ಎಂದಿನಂತೆ ಎದುರಿನ ಅಂಗಡಿಯ ದರ್ಜಿ, ಕೊರಳಲ್ಲಿ ಟೇಪು ನೇತುಹಾಕಿಕೊಂಡೇ ಬಂದಿದ್ದ. ಒಳಗೆ ಮಗ ಊಟಕ್ಕೆ ಕೂತಿದ್ದ. ಅವನೆದುರಿಗೆ ತೋಟಗಾರಿಕೆ ಕಚೇರಿಯ ಸಹಾಯಕಿ ಕೂತಿದ್ದರು. ಕಂಡ ಕಂಡ ಡಬ್ಬಿ, ಬಾಟಲಿ, ಪೊಟ್ಟಣಗಳ ಮೇಲಿನ ಸಣ್ಣ ಅಕ್ಷರವನ್ನೆಲ್ಲ ಓದುವ ಅಭ್ಯಾಸ ಅವರಿಗೆ. ಹಾಗಾಗಿ ಎಲ್ಲರ ಬಾಯಲ್ಲೂ ಅವರು ಡಬ್ಬಿ ಅಕ್ಕ.

ಮಗ ಸೊಪ್ಪು ತಿಂದ. ಬೀನ್ಸ್ ತಿಂದ. ಬದನೆಕಾಯಿ ತಿಂದು ಇನ್ನೊಂದು ಚಮಚ ಹಾಕಿಸಿಕೊಂಡ. ಸಿಪ್ಪೆ ಸಮೇತ ಕೊಯ್ದಿದ್ದ ಹಸಿ ಸೌತೆಕಾಯಿಯ ಬಿಲ್ಲೆಗಳನ್ನು ಮಾತ್ರ ತಟ್ಟೆಯ ಅಂಚಿಗೆ ಸರಿಸಿದ.

"ಯಾಕೋ, ಕಹಿ ಇದೆಯಾ?" ಎಂದರು ದೊಡ್ಡಮ್ಮ.

"ಇಲ್ಲಮ್ಮ. ಹೊಟ್ಟೆ ತುಂಬಿದೆ."

"ಎರಡು ಬಿಲ್ಲೆಗೆ ಜಾಗ ಇಲ್ಲವಾ ನಿನ್ನ ಹೊಟ್ಟೇಲಿ? ಚೆಲ್ಲೋಕೆ ನನಗೆ ಮನಸ್ಸು ಬರಲ್ಲಪ್ಪ" ಎಂದು ದೊಡ್ಡಮ್ಮ ಒಂದು ಬಿಲ್ಲೆ ತೆಗೆದು ಬಾಯಿಗಿಡಲು ಹೋದರು.

"ಅಮ್ಮಾ, ಬೇಡ! ತಿನ್ನಬೇಡ!"

ಅವನು ಕೂಗಿದ್ದು ಅಡುಗೆಮನೆಗೂ ಕೇಳಿಸಿತು. ಮಗಳು ಸೌಟು ಹಿಡಿದುಕೊಂಡೇ ಹೊರಗೆ ಬಂದಳು. ದೊಡ್ಡಮ್ಮ ಬಿಲ್ಲೆಯನ್ನು ತಟ್ಟೆಗೆ ಹಾಕಿ, ಬೆರಳನ್ನು ಸೆರಗಿಗೆ ಒರೆಸಿಕೊಂಡರು.

"ಯಾವಾಗ ಹೊಡೆದೆ?" ಎಂದು ಕೇಳಿದರು ಡಬ್ಬಿ ಅಕ್ಕ. ವಿಷಯ ಏನೆಂದು ಅವರಿಗೆ ಆಗಲೇ ಅರ್ಥವಾಗಿತ್ತು.

"ಶನಿವಾರ ಸಾಯಂಕಾಲ."

"ಡಬ್ಬಿ ಮೇಲೆ ಎಷ್ಟು ದಿನ ಬಿಟ್ಟು ಕೀಳಬೇಕು ಅಂತಿದೆ?"

"ಅದನ್ನೆಲ್ಲ ಯಾರು ಓದ್ತಾರಕ್ಕ? ಅಂಗಡಿಯವನು ಒಂದು ಮುಚ್ಚಳ ಅಂದ, ಒಂದು ಮುಚ್ಚಳ ಹಾಕಿದೆ."

"ಹಸಿರು ಮುಚ್ಚಳದ್ದು ತಾನೆ? ಅದರ ಮೇಲೆ ಏಳು ದಿನ ಅಂತಿದೆ. ನಾನು ಓದಿದೀನಿ. ನೀನು ಎರಡೇ ದಿನಕ್ಕೆ ಕಿತ್ತಿದೀಯ."

ಮಗನಿಗೆ ಈಗ ರೇಗಿತು. ಸಿಕ್ಕಿಬಿದ್ದವರಿಗೆ ರೇಗುವುದು ಸಹಜ. "ಏಳು ದಿನ ಬಿಟ್ಟರೆ ಸೌತೆಕಾಯಿ ಉಳಿಯುತ್ತಾ ಅಕ್ಕ? ನಾಲ್ಕು ದಿನ ಬಿಟ್ಟರೆ ಹಳದಿ ತಿರುಗುತ್ತೆ, ಏಳು ದಿನಕ್ಕೆ ಬೀಜದ ಚೀಲ ಆಗುತ್ತೆ. ಎಲ್ಲರೂ ಹೀಗೇ ಕೀಳೋದು. ಮಂಡಿಗೆ ಹೋಗೋ ಕಾಯಿ ಏನು ಏಳು ದಿನ ಕಾಯ್ದು ಬರುತ್ತಾ?"

"ಅವರು ಮಾಡೋದೂ ತಪ್ಪೇ. ಆದರೂ ಒಂದು ಯೋಚನೆ ಮಾಡು. ಲಾರಿ ಹತ್ತಿ, ಮಂಡೀಲಿ ಕೂತು, ಅಂಗಡೀಲಿ ಬಿದ್ದು, ಜನರ ಬಾಯಿಗೆ ಹೋಗೋ ಹೊತ್ತಿಗೆ ಅದಕ್ಕೆ ನಾಲ್ಕೈದು ದಿನ ಆಗಿರುತ್ತೆ. ನಿನ್ನದಕ್ಕೆ ಮೂರೇ ಗಂಟೆ. ಬೋರ್ಡು ಬೇರೆ ಬರೆಸಿದೀರಿ."

ಮಗಳ ಮುಖ ಬಾಡಿತು. ಬಾಗಿಲ ಕಡೆ ನೋಡಿದಳು. "ಒಳಗೆ ಎರಡು ಪಾತ್ರೆ ತುಂಬ ಕೊಯ್ದಿಟ್ಟಿದೀನಿ ಅಕ್ಕ. ಉಪ್ಪುನೀರಲ್ಲಿ ನೆನೆಸಿ ಚೆನ್ನಾಗಿ ತೊಳೆದರೆ ಹೋಗಲ್ವಾ? ಇಲ್ಲಾ ಒಂದು ಕುದಿ ಬೇಯಿಸಿಬಿಡ್ಲಾ?"

"ತೊಳೆದರೆ ಮೇಲಿರೋದು ಒಂದಿಷ್ಟು ಹೋಗುತ್ತೆ. ಗಿಡದ ಒಳಗೆ ಇಳಿಯೋ ಔಷಧೀನೂ ಇರುತ್ತಮ್ಮ. ಕಾಯಿಯೊಳಗೆ ಇರೋದನ್ನ ಹೇಗೆ ತೊಳೀತೀಯ? ಕುದಿಸಿದರೂ ಪೂರ್ತಿ ಹೋಗುತ್ತೆ ಅನ್ನೋಕಾಗಲ್ಲ. ತರಕಾರಿ ತೊಳೀಬೇಕು, ದಿನಾ ತೊಳೀಬೇಕು. ಆದರೆ ಏಳು ದಿನದ ಕೆಲಸಾನ ನಲ್ಲಿ ನೀರು ಮಾಡಲ್ಲ."

"ಒಂದು ದಿನ ತಿಂದರೆ ಯಾರೂ ಸತ್ತುಹೋಗಲ್ಲ ಬಿಡಿ" ಎಂದ ಮಗ, ಸ್ವಲ್ಪ ತಗ್ಗಿದ ದನಿಯಲ್ಲಿ.

"ಇರಬಹುದು. ಹಾಗಾದ್ರೆ ನೀನು ಯಾಕೆ ತಿನ್ನಲಿಲ್ಲ?"

ಮಗ ತಟ್ಟೆಯನ್ನು ಪಕ್ಕಕ್ಕೆ ತಳ್ಳಿದ. ಡಬ್ಬಿ ಅಕ್ಕ ಬಿಡುವವರಲ್ಲ. "ನಿನ್ನ ಮನೆಗೆ ಯಾವ ಸಾಲಿಂದ ಕೀಳ್ತೀಯ?"

ಅವನು ನೀರಿನ ಲೋಟವನ್ನು ತಿರುಗಿಸುತ್ತಾ ಕೂತ. "ಕೇಳಿದ್ದಕ್ಕೆ ಹೇಳೋ" ಎಂದರು ದೊಡ್ಡಮ್ಮ.

"ಪಂಪ್‌ಮನೆ ಹಿಂದೆ ನಾಲ್ಕು ಬಳ್ಳಿ ಹಬ್ಬಿಸಿದೀನಿ. ಅದಕ್ಕೆ ಹೊಡೆಯಲ್ಲ. ಮಕ್ಕಳು ಕಿತ್ತು ಹಾಗೇ ತಿಂತಾವೆ, ಅದಕ್ಕೆ."

ಹೊರಗೆ ಕಾಯುತ್ತಿದ್ದವರ ಮಕ್ಕಳ ವಿಷಯವನ್ನು ಯಾರೂ ಎತ್ತಲಿಲ್ಲ. ಎತ್ತುವ ಅಗತ್ಯವೂ ಇರಲಿಲ್ಲ. ದೊಡ್ಡಮ್ಮನಿಗೆ ಸಿಟ್ಟಿಗಿಂತ ಹೆಚ್ಚಾಗಿ ನಾಚಿಕೆಯಾಯಿತು. ಗಿರಣಿಯ ಮೇಲ್ವಿಚಾರಕನಾದರೂ ಬೇರೆಯವನು. ಇವನು ಹೊಟ್ಟೆಯಲ್ಲಿ ಹುಟ್ಟಿದವನು.

ಅಷ್ಟರಲ್ಲಿ ಮಗ ತಂಗಿಯ ಕಡೆ ತಿರುಗಿದ. "ನನ್ನನ್ನೊಬ್ಬನನ್ನೇ ಕಟಕಟೆಗೆ ಹತ್ತಿಸಬೇಡಿ. ದಿನಾ ಬೆಳಿಗ್ಗೆ ಆರಕ್ಕೆ ಫೋನ್ ಮಾಡೋರು ಯಾರು? 'ಅಣ್ಣ, ಸೌತೆಕಾಯಿ ಬೇಕೇ ಬೇಕು, ಬಂದವರಿಗೆ ಇಲ್ಲ ಅನ್ನೋಕಾಗಲ್ಲ' ಅನ್ನೋರು ಯಾರು? ಹೋದ ತಿಂಗಳು ನಾನೇ ಹೇಳಿದೆ, ಒಂದು ವಾರ ಬಿಡು ಅಂತ. ಏನಂದೆ ನೀನು?"

ತಂಗಿಗೆ ನೆನಪಿತ್ತು. "ಎಲ್ಲಿಂದಾದ್ರೂ ಹೊಂದಿಸು ಅಂದೆ" ಎಂದು ಒಪ್ಪಿಕೊಂಡಳು. ಔಷಧಿಯ ಮಾತನ್ನು ಅವನು ಹೇಳಿರಲಿಲ್ಲ, ಅವಳು ಕೇಳಿರಲಿಲ್ಲ. ಇಬ್ಬರೂ ಕೇಳದೆ ಹೇಳದೆ ತಿಂಗಳುಗಟ್ಟಲೆ ನಡೆಸಿಕೊಂಡು ಬಂದಿದ್ದರು. ಮೊದಲ ತಟ್ಟೆಯ ಸೌತೆಕಾಯಿಯನ್ನು ಅವನು ಅಂಚಿಗೆ ಸರಿಸುತ್ತಿದ್ದದ್ದೂ ಅಂದಿನವರೆಗೆ ಯಾರ ಕಣ್ಣಿಗೂ ಬಿದ್ದಿರಲಿಲ್ಲ.

"ಈಗ ಏನು ಮಾಡಬೇಕು ಹೇಳಮ್ಮ" ಎಂದು ದೊಡ್ಡಮ್ಮ ಡಬ್ಬಿ ಅಕ್ಕನನ್ನು ಕೇಳಿದರು.

"ಕೊಯ್ದಿರೋದನ್ನ ಗುಂಡಿ ತೋಡಿ ಹೂತುಬಿಡಿ. ದನಕ್ಕೆ ಹಾಕಬೇಡಿ, ಹಾಲಿಗೆ ಬಂದೀತು. ಸೌತೆಕಾಯಿ ಸಾಲನ್ನ ಎರಡು ಪಾಲು ಮಾಡಿ. ಒಂದಕ್ಕೆ ಹೊಡೆದಾಗ ಇನ್ನೊಂದರಿಂದ ಕೀಳಿ. ಹೊಡೆದ ಪಾಲಿಗೆ ಗೂಟ ನೆಟ್ಟು ಕೆಂಪು ಬಟ್ಟೆ ಕಟ್ಟಿ, ತಾರೀಕು ಬರೆದಿಡಿ. ಅಷ್ಟು ದಿನ ಆ ಪಾಲಲ್ಲಿ ಬಲಿತ ಕಾಯಿ ಗುಂಡಿಗೇ ಹೋಗಲಿ. ಎಷ್ಟು ದಿನ ಅನ್ನೋದು ಒಂದೊಂದು ಔಷಧಿಗೆ, ಒಂದೊಂದು ಬೆಳೆಗೆ ಬೇರೆ ಬೇರೆ. ಪ್ರತಿ ಸಲ ಡಬ್ಬೀನೇ ನೋಡಬೇಕು. ಅಕ್ಷರ ಕಾಣದಿದ್ರೆ ನನ್ನ ಹತ್ರ ತನ್ನಿ." ಆಮೇಲೆ ಮಗನ ಕಡೆ ತಿರುಗಿದರು. "ಇನ್ನೊಂದು. ಹುಳ ಬಿದ್ದ ಕಾಯೀನ ಬಳ್ಳಿ ಬುಡದಲ್ಲೇ ಬಿಟ್ಟಿರ್ತೀಯ. ನೊಣ ಅಲ್ಲೇ ಸಂಸಾರ ಹೂಡುತ್ತೆ. ಅದನ್ನ ದಿನಾ ಆರಿಸಿ ಆಳಕ್ಕೆ ಹೂತರೆ, ನೊಣ ಸೆಳೆದು ಹಿಡಿಯೋ ಬಲೆ ನಾಲ್ಕು ಕಟ್ಟಿದರೆ, ಔಷಧಿ ಹೊಡೆಯೋ ಕೆಲಸಾನೇ ಕಮ್ಮಿಯಾಗುತ್ತೆ."

"ಕೆಲವು ದಿನ ಕಾಯಿ ಇರೋದೇ ಇಲ್ಲವಲ್ಲ ಅಕ್ಕ" ಎಂದಳು ಮಗಳು.

"ಇರಲ್ಲ. ಆವತ್ತು ಇಲ್ಲ ಅನ್ನು. ಇಲ್ಲ ಅಂದ ಹೋಟೆಲು ಮುಚ್ಚಿದ್ದು ನಾನು ನೋಡಿಲ್ಲ."

ಹೊರಗೆ ದರ್ಜಿ ಗಾಜಿನ ಮೇಲೆ ಬೆರಳಿನಿಂದ ತಟ್ಟಿ ಗಡಿಯಾರ ತೋರಿಸಿದ. ಹನ್ನೆರಡು ಕಳೆದು ಹತ್ತು ನಿಮಿಷವಾಗಿತ್ತು. ಮಗಳು ಬಾಗಿಲ ಕಡೆ ಹೊರಟಳು. "ಸೌತೆಕಾಯಿ ಖಾಲಿ ಅಂತ ಹೇಳ್ತೀನಿ."

"ನೀನು ಇರು" ಎಂದರು ದೊಡ್ಡಮ್ಮ. "ಇವನು ಹೋಗಲಿ. ಇದ್ದದ್ದನ್ನ ಇದ್ದ ಹಾಗೆ ಹೇಳಲಿ."

"ಅಮ್ಮ, ನಾಳೆಯಿಂದ ಒಬ್ಬರೂ ಈ ಕಡೆ ಬರಲ್ಲ" ಎಂದ ಮಗ.

"ಬರದಿದ್ರೆ ಮುಚ್ಚೋಣ. ಹೇಳದೆ ಒಂದು ತಟ್ಟೇನೂ ಹಾಕಲ್ಲ."

ಅವನು ಬಾಗಿಲು ತೆಗೆದು ಹೊಸ್ತಿಲಲ್ಲಿ ನಿಂತ. ಮಾತು ಬಲ್ಲವನಲ್ಲ. "ಇವತ್ತು ಸೌತೆಕಾಯಿ ಬಡಿಸಲ್ಲ. ಔಷಧಿ ಹೊಡೆದು ಎರಡೇ ದಿನಕ್ಕೆ ಕಿತ್ತುಬಿಟ್ಟಿದ್ದೆ. ತಪ್ಪು ನನ್ನದು. ಉಳಿದ ಯಾವುದಕ್ಕೂ ಈ ತಿಂಗಳು ಹೊಡೆದಿಲ್ಲ, ಅದನ್ನ ಈಗ ನಾನೇ ತಿಂದಿದೀನಿ" ಎಂದಷ್ಟು ಹೇಳಿದ.

ಇಬ್ಬರು ಆಗಲೇ ತಿರುಗಿ ನಡೆದರು. ಒಬ್ಬರು ಏನೋ ಗೊಣಗಿದರು. ದರ್ಜಿ ಜಾಗ ಬಿಟ್ಟು ಕದಲಲಿಲ್ಲ. ಟೇಪನ್ನು ಕೊರಳಿಂದ ತೆಗೆದು ಕೈಗೆ ಸುತ್ತಿಕೊಳ್ಳುತ್ತಾ ಕೇಳಿದ: "ಹೋದ ವಾರ ನನ್ನ ಮಗಳನ್ನ ಕರಕೊಂಡು ಬಂದಿದ್ದೆ. ಬರೀ ಸೌತೆಕಾಯೀನೇ ಕೇಳಿ ಕೇಳಿ ಹಾಕಿಸಿಕೊಂಡು ತಿಂದಳು. ಅದು?"

"ಅದನ್ನೂ ಹಾಗೇ ಕಿತ್ತಿದ್ದೆ" ಎಂದ ಬೆಳೆಗಾರ.

ದರ್ಜಿ ಬೈಯಲಿಲ್ಲ. ಬೈದಿದ್ದರೆ ಹಗುರವಾಗುತ್ತಿತ್ತು ಎಂದು ಬೆಳೆಗಾರ ಈಗಲೂ ಹೇಳುತ್ತಾನೆ. ದರ್ಜಿ ರಸ್ತೆ ದಾಟಿ ತನ್ನ ಅಂಗಡಿಗೆ ಹೋಗಿ ಹೊಲಿಯಲು ಕೂತ. ಅವನ ಮಗಳಿಗೆ ಏನೂ ಆಗಲಿಲ್ಲ, ಓಡಾಡಿಕೊಂಡು ಚೆನ್ನಾಗಿದ್ದಾಳೆ. ಆದರೂ ಅವನು ಮತ್ತೆ ಆ ಹೋಟೆಲಿನ ಮೆಟ್ಟಿಲು ಹತ್ತಲಿಲ್ಲ.

ಮಿಕ್ಕವರು ಬಂದರು. ಒಂದು ತಿಂಗಳು ಅರ್ಧ ಮೇಜುಗಳು ಖಾಲಿ ಇದ್ದವು, ಆಮೇಲೆ ತುಂಬಿದವು. ಈಗ ಹೊಲದಲ್ಲಿ ಕೆಂಪು ಬಟ್ಟೆಯ ಗೂಟಗಳಿವೆ. ತಂಗಿ ಬೆಳಿಗ್ಗೆ ಫೋನ್ ಮಾಡಿದರೆ ಮೊದಲು ಕೇಳುವುದು, "ಅಣ್ಣ, ಯಾವ ಸಾಲು ಕೀಳಬಹುದು?" ಪಂಪ್‌ಮನೆ ಹಿಂದಿನ ಬಳ್ಳಿಗಳನ್ನು ಬೆಳೆಗಾರ ಅದೇ ವಾರ ಕಿತ್ತು ಹಾಕಿದ. ಮನೆಗೂ ಹೋಟೆಲಿಗೂ ಈಗ ಒಂದೇ ಸಾಲು.

ಓದುತ್ತಿರುವ ಅಣ್ಣಂದಿರೇ, ಅಕ್ಕಂದಿರೇ, ನೀವು ತರಕಾರಿ ಬೆಳೆಯುವವರಾದರೆ ಔಷಧಿ ಹೊಡೆಯುವ ಮುಂಚೆ ಡಬ್ಬಿಯ ಮೇಲಿನ ದಿನ ಓದಿ. ಓದಲು ಬಾರದಿದ್ದರೆ ಓದಿಸಿಕೊಳ್ಳಿ, ಅದರಲ್ಲಿ ನಾಚಿಕೆಯಿಲ್ಲ. ಹೊಡೆದ ತಾರೀಕು ಬರೆದಿಡಿ, ಅಷ್ಟು ದಿನ ಆ ಸಾಲಿಗೆ ಕೈ ಹಾಕಬೇಡಿ. ಕೊಳ್ಳುವವರಾದರೆ, ಬೇಯಿಸಿ ಬಡಿಸುವವರಾದರೆ, "ಹೊಡೆದು ಎಷ್ಟು ದಿನವಾಯಿತು?" ಎಂದು ಕೇಳಿ. ಇವತ್ತು ಇಲ್ಲ ಎಂದವರ ಮೇಲೆ ಮುನಿಸಿಕೊಳ್ಳಬೇಡಿ.

ಯಾರದೋ ಮಗು ಹೋದ ವಾರ ನಿಮ್ಮ ಹೊಲದ ಕಾಯಿಯನ್ನು ಕೇಳಿ ಕೇಳಿ ತಿಂದಿರುತ್ತದೆ. ಅದರ ಅಪ್ಪ ನಾಳೆ ನಿಮ್ಮ ಮುಂದೆ ನಿಂತು "ಅದು?" ಎಂದು ಕೇಳಿದರೆ, ತಲೆ ತಗ್ಗಿಸದೆ ಉತ್ತರ ಕೊಡುವ ಹಾಗಿರಲಿ.