ಗೋಡೆಯಾಚೆಯ ಮನೆಗೆ ಗೆಣಸಿನ ಪೈ

ಕಸದ ಲಾರಿ ಹಿಂದಕ್ಕೆ ಬರುವಾಗ ಟೈಲರಮ್ಮನ ಪುಟ್ಟ ಮಗಳು ಅದರಡಿ ಸಿಕ್ಕಿ ಸತ್ತಳು. ಲಾರಿ ಓಡಿಸುತ್ತಿದ್ದವನು ಪಕ್ಕದ ಮನೆಯವನೇ. ಎರಡು ಮನೆಗಳ ನಡುವೆ ಒಂದೇ ಗೋಡೆ. ಮಗು ಚೆಂಡಿನ ಹಿಂದೆ ಓಡಿಬಂದದ್ದನ್ನು ಓಣಿಯೇ ನೋಡಿತ್ತು. ಚಾಲಕನ ತಪ್ಪಿಲ್ಲವೆಂದು ಪೊಲೀಸರೂ ಹೇಳಿದರು. ಆದರೂ ಅವನು ಮತ್ತೆ ಲಾರಿ ಹತ್ತಲಿಲ್ಲ. ಗೋಡೆಗೆ ಬೆನ್ನು ಕೊಟ್ಟು ಕೂತುಬಿಟ್ಟ. ಆಚೆ ಹೊಲಿಗೆ ಯಂತ್ರದ ಸದ್ದೂ ನಿಂತುಹೋಗಿತ್ತು.

ಅವನ ಹೆಂಡತಿ ಆಸ್ಪತ್ರೆಯಲ್ಲಿ ಹಾಸಿಗೆ ಬಟ್ಟೆಗಳಿಗೆ ಇಸ್ತ್ರಿ ಹಾಕುವವಳು. ಟೈಲರಮ್ಮ ನೀರು ಬಿಟ್ಟು ಏನನ್ನೂ ಮುಟ್ಟುತ್ತಿಲ್ಲವೆಂದು ಕೇಳಿ ಅವಳಿಗೆ ಜೀವ ತಡೆಯಲಿಲ್ಲ. ಬಸುರಿಯಾಗಿದ್ದಾಗ ತಿಂದದ್ದೆಲ್ಲ ಕಕ್ಕುತ್ತಿದ್ದ ಟೈಲರಮ್ಮನ ಹೊಟ್ಟೆಯಲ್ಲಿ ನಿಂತದ್ದು ಇವಳು ಮಾಡಿದ ಗೆಣಸಿನ ಪೈ ಒಂದೇ. ರಜೆಯ ದಿನ ಮಾರುಕಟ್ಟೆಯಿಂದ ಗೆಣಸು ತಂದಳು.

"ಗಾಯದ ಮೇಲೆ ಬರೆ ಎಳೀಬೇಡ ಕಣೇ," ಎಂದಳು ಅತ್ತೆ. "ಯಾವ ಮುಖ ಹೊತ್ಕೊಂಡು ಆ ಬಾಗಿಲಿಗೆ ಹೋಗ್ತೀಯ?"

"ಇರೋದೊಂದೇ ಮುಖ ಅತ್ತೆ. ಅದನ್ನೇ ಹೊತ್ಕೊಂಡು ಹೋಗ್ತೀನಿ."

ಗೆಣಸನ್ನು ಬೇಯಿಸಿ, ಬಿಸಿಯಿರುವಾಗಲೇ ಸುಲಿದು, ನಾರು ಹೋಗಲೆಂದು ಜರಡಿಗೆ ಉಜ್ಜಿದಳು. ಸಕ್ಕರೆ, ಮೊಟ್ಟೆ, ಹಾಲು, ಚೂರು ದಾಲ್ಚಿನ್ನಿ ಪುಡಿ ಸೇರಿಸಿದಳು. ಮೈದಾಕ್ಕೆ ತಣ್ಣನೆಯ ಬೆಣ್ಣೆ ಹಾಕಿ ಕಲಸಿದ ಹಿಟ್ಟು ಲಟ್ಟಿಸುವಾಗ ನಡುವೆ ಹರಿಯಿತು. ತೇಪೆ ಹಾಕಿ ತಟ್ಟೆಯಲ್ಲಿ ಕೂರಿಸಿ, ಗೆಣಸು ಸುರಿದು ಓವನ್ನಿನಲ್ಲಿಟ್ಟಳು. ಓವನ್ ಒಂದು ಬದಿಗೇ ಹೆಚ್ಚು ಕಾಯುತ್ತಿದ್ದರಿಂದ ಅರ್ಧ ಬೆಂದಾಗ ತಟ್ಟೆ ತಿರುಗಿಸಿದಳು.

ಪರಿಮಳಕ್ಕೆ ಗಂಡ ಎದ್ದು ಬಂದು ಅಡುಗೆಮನೆಯ ಬಾಗಿಲಲ್ಲಿ ನಿಂತ.

"ಪಾಪು ಇದರ ಅಂಚು ಮಾತ್ರ ಮುರ್ಕೊಂಡು ತಿಂತಿತ್ತು," ಎಂದವನು ಮತ್ತೆ ಹೋಗಿ ಕೂತ.

ಇವಳು ಕದ ತಟ್ಟಿದಾಗ ಟೈಲರಮ್ಮ ಬಾಗಿಲು ತೆರೆದಳು. ಕಣ್ಣುಗಳು ಬಾತಿದ್ದವು, ತಲೆ ಬಾಚಿ ಎಷ್ಟು ದಿನವಾಗಿತ್ತೋ. ತಟ್ಟೆಯನ್ನು ನೋಡಿದಳು. ಇಸಿದುಕೊಂಡು, ನಿಂತಲ್ಲೇ ಕೈಯಲ್ಲಿ ಮುರಿದು ಬಾಯಿಗೆ ತುರುಕಿಕೊಂಡಳು. ಇನ್ನೊಂದು ತುಂಡು, ಮತ್ತೊಂದು. ತುತ್ತು ಗಂಟಲಲ್ಲಿ ಸಿಕ್ಕಿಕೊಂಡಾಗ ಇವಳೇ ಒಳಗೆ ಹೋಗಿ ನೀರು ತಂದುಕೊಟ್ಟಳು. ಸದ್ಯ, ತಿಂದಳಲ್ಲ ಎಂದು ಎದೆ ಹಗುರವಾಯಿತು.

ಬಾಯಿ ಒರೆಸಿಕೊಂಡು ಟೈಲರಮ್ಮ ಹೇಳಿದಳು: "ಅಕ್ಕ, ಅಣ್ಣನ ತಪ್ಪಿಲ್ಲ, ನಂಗೊತ್ತು. ನನ್ನ ಕಣ್ಣೆದುರೇ ಅವಳು ಓಡಿದ್ದು. ಆದ್ರೆ ಅಣ್ಣ ಕೆಮ್ಮಿದ್ರೂ ಗೋಡೆ ಈಚೆಗೆ ಕೇಳ್ಸುತ್ತೆ. ಆಗೆಲ್ಲ, ಅಣ್ಣ ಸತ್ತು ನನ್ನ ಮಗು ಉಳೀಬಾರದಿತ್ತಾ ಅನ್ಸುತ್ತೆ. ದಿನಾ ಹಂಗೆ ಅನ್ಕೊಂಡು ಬದುಕೋಕಾಗಲ್ಲ. ನೀವು ಎಲ್ಲಿಗಾದ್ರೂ ಹೋಗ್ಬಿಡಿ."

ಇವಳು ಖಾಲಿ ಲೋಟವನ್ನು ಎತ್ತಿಕೊಂಡಳು.

"ನಾನು ಹೋಗೋಕಾಗಲ್ಲ ಅಕ್ಕ. ಅವಳು ಓಡಾಡಿದ್ದು ಇಲ್ಲೇ."

ಇವಳು ಮನೆಗೆ ಬರುವಷ್ಟರಲ್ಲಿ ಗಂಡ ಮೊಳೆಯಿಂದ ಬಟ್ಟೆಗಳನ್ನು ತೆಗೆದು ಮಡಿಸುತ್ತಿದ್ದ. ಅವನಿಗೆಲ್ಲ ಕೇಳಿಸಿತ್ತು.

"ನಿಮಗೇನು ತಲೆ ಕೆಟ್ಟಿದೆಯಾ?" ಅತ್ತೆ ಕಿರುಚಿದಳು. "ನಿನ್ನ ಹೆತ್ತಿದ್ದು ಈ ಮನೇಲಿ. ನಿಮ್ಮಪ್ಪ ಕಣ್ಣು ಮುಚ್ಚಿದ್ದು ಈ ಮನೇಲಿ. ತಪ್ಪಿಲ್ಲ ಅಂತ ಅವಳೇ ಅಂದಳಲ್ಲ!"

"ಅಮ್ಮ, ಅವರು ಕೇಳಿರೋದು ಇದೊಂದೇ."

ಊರಿನ ಆ ತುದಿಯಲ್ಲಿ ಒಂದು ಕೋಣೆ ಸಿಕ್ಕಿತು. ಹೊರಡುವ ದಿನ ಟೈಲರಮ್ಮನ ಬಾಗಿಲು ತೆರೆಯಲಿಲ್ಲ. ಅತ್ತೆ ಅಲ್ಲಿಗೆ ಹೊಂದಿಕೊಳ್ಳಲೇ ಇಲ್ಲ; ಸೊಸೆಯ ಜೊತೆ ಮಾತು ಬಿಟ್ಟಳು, ಚಳಿಗಾಲ ಮುಗಿಯುವ ಮೊದಲೇ ಹಾಗೇ ತೀರಿಕೊಂಡಳು.

ಅವನೀಗ ಮಾರುಕಟ್ಟೆಯಲ್ಲಿ ಮೂಟೆ ಹೊರುತ್ತಾನೆ. ಕೋಣೆಯ ಎದುರಿನ ಬೀದಿಯಲ್ಲಿ ಮಕ್ಕಳು ಆಡುತ್ತಿದ್ದರೆ ಹೊಸ್ತಿಲು ದಾಟುವುದಿಲ್ಲ. ತಾಯಂದಿರು ಅವರನ್ನು ಒಳಗೆ ಕರೆಯುವವರೆಗೂ ಬಾಗಿಲ ಹಿಂದೆ ನಿಂತಿರುತ್ತಾನೆ. ಕೆಲಸಕ್ಕೆ ಹೊತ್ತಾಯಿತೆಂದು ಹೆಂಡತಿ ಅವಸರಪಡಿಸುವುದಿಲ್ಲ.